ಕೂರಿಗೆ ಮುಂದಿಟ್ಟು ಕೇಳಿ: ಗುಡ್ಡದ ಊರಿನ ಮಾತು, ಹಬ್ಬ, ಹಾಡು ಉಳಿಸಿಕೊಳ್ಳುವ ಸಮಗ್ರ ಮಾರ್ಗದರ್ಶಿ

ನಮ್ಮೂರು ಕಪ್ಪತಗುಡ್ಡದ ಬುಡದಲ್ಲಿದೆ, ಗದಗ ಜಿಲ್ಲೆ ಮುಂಡರಗಿ ತಾಲೂಕಿನಲ್ಲಿ. "ಎಪ್ಪತ್ತು ಗಿರಿ ನೋಡೋಕ್ಕಿಂತ ಕಪ್ಪತಗಿರಿ ನೋಡು" ಅಂತ ನಮ್ಮ ಕಡೆ ಹೇಳುತ್ತಾರೆ. ಹಾಗಂತ ಅದೇನು ಹಿಮಾಲಯ ಅಲ್ಲ. ಆದರೆ ಊರಿಗೆ ಬೆಳಿಗ್ಗೆ ಒಂದು ಬಸ್ಸು, ಸಂಜೆ ಒಂದು ಬಸ್ಸು. ಅದು ತಪ್ಪಿದರೆ ನೀವು ಅಲ್ಲೇ, ಊರು ಇಲ್ಲೇ. ನಾನು ಹುಬ್ಬಳ್ಳಿಯಲ್ಲಿ ಕೆಲಸ ಮಾಡುತ್ತೇನೆ. ರಜೆ ಸಿಕ್ಕಾಗ ಊರಿಗೆ ಹೋಗಿ ಹಿರಿಯರ ಮಾತು, ಹಾಡು ರೆಕಾರ್ಡ್ ಮಾಡಿಕೊಂಡು ಬರುತ್ತೇನೆ.

ಶುರುವಾಗಿದ್ದು ಒಂದು ಸಣ್ಣ ಪ್ರಶ್ನೆಯಿಂದ. ನಮ್ಮಣ್ಣನ ಮಗಳು, ಒಂಬತ್ತು ವರ್ಷದವಳು, ಅಂಗಳದಲ್ಲಿ ತಗ್ಗು ಬಿದ್ದ ಜಾಗ ತೋರಿಸಿ "ಇಲ್ಲೇನಿತ್ತು?" ಅಂತ ಕೇಳಿದಳು. "ಹಗೇವು" ಅಂದೆ. "ಹಾಗಂದ್ರೆ?" ಜೋಳ ತುಂಬಿಡುವ ನೆಲದೊಳಗಿನ ಕಣಜ ಅಂತ ಹೇಳಿದೆ. ಅಷ್ಟು ಹೇಳಿ ನನ್ನ ಮಾತು ಮುಗಿದುಹೋಯಿತು. ಉಳಿದದ್ದನ್ನು ಪಕ್ಕದ ಮನೆ ಆಯಿ (ಅಜ್ಜಿ) ಹೇಳಿದರು. ಹಗೇವಿನ ಬಾಯಿ ತೆಗೆದ ಕೂಡಲೇ ಯಾರೂ ಇಳಿಯಬಾರದು. ಗಾಳಿ ಆಡಲು ಬಿಡಬೇಕು. ಆಮೇಲೆ ಕಂದೀಲು ಇಳಿಸಿ ನೋಡಬೇಕು. ದೀಪ ಆರಿದರೆ ಒಳಗೆ ಇಳಿದವನೂ ಆರಿದ ಹಾಗೇ. ಹಗೇವು ಮುಚ್ಚಿ ಎಷ್ಟೋ ವರ್ಷ ಆಗಿತ್ತು. ಅದರ ಜೊತೆ ಈ ತಿಳಿವಳಿಕೆಯೂ ಮುಚ್ಚಿಹೋಗುವುದರಲ್ಲಿತ್ತು.

ಇಷ್ಟು ವರ್ಷದಲ್ಲಿ ನನಗೆ ಗಟ್ಟಿಯಾಗಿದ್ದು ಒಂದೇ ವಿಷಯ. ಶಬ್ದ ಒಂಟಿಯಾಗಿ ಬದುಕುವುದಿಲ್ಲ. ಅದು ಯಾವುದೋ ಕೆಲಸಕ್ಕೆ ಹತ್ತಿಕೊಂಡಿರುತ್ತದೆ. ಕೆಲಸ ನಿಂತರೆ ಶಬ್ದ ನಿಲ್ಲುತ್ತದೆ. ಹಾಗಾಗಿ ಶಬ್ದ ಕೂಡಿಹಾಕಲು ಹೋಗಬೇಡಿ, ಕೆಲಸವನ್ನು ಹಿಡಿಯಿರಿ. ಕೆಳಗಿನ ಎಲ್ಲಾ ಹಂತಗಳೂ ಇದರ ಮೇಲೇ ನಿಂತಿವೆ.

ಮೊದಲ ಹಂತ: ಏನು ಹೋಗುತ್ತಿದೆ ಅಂತ ಊರು ಸುತ್ತಿ ನೋಡಿ

ರೆಕಾರ್ಡರ್ ಮನೆಯಲ್ಲೇ ಬಿಡಿ. ಒಂದು ನೋಟ್‌ಬುಕ್ ಸಾಕು. ಎರಡು ದಿನ ಸುಮ್ನೆ ಊರಲ್ಲಿ ತಿರುಗಿ. ಮೂರು ಪಟ್ಟಿ ಮಾಡಿ.

ಒಂದು, ಈಗಲೂ ನಡೆಯುವ ಕೆಲಸ: ರೊಟ್ಟಿ ಬಡಿಯುವುದು, ಕುರಿ ಕಾಯುವುದು, ಕೌದಿ ಹೊಲಿಯುವುದು. ಎರಡು, ನಿಂತಿದೆ ಆದರೆ ಮಾಡಿದವರು ಇದ್ದಾರೆ: ಕೂರಿಗೆಯಲ್ಲಿ (ಎತ್ತು ಎಳೆಯುವ ಬಿತ್ತನೆ ಸಾಧನ) ಬಿತ್ತುವುದು, ಹಂತಿ ಹೊಡೆಯುವುದು (ಕಣದಲ್ಲಿ ಎತ್ತು ಸುತ್ತಿಸಿ ತೆನೆ ತುಳಿಸುವುದು), ಬೀಸುವ ಕಲ್ಲಿನ ಕೆಲಸ. ಮೂರು, ಮಾಡಿದವರೂ ಇಲ್ಲ, ಕೇಳಿದವರಷ್ಟೇ ಇದ್ದಾರೆ.

ಎರಡನೇ ಪಟ್ಟಿಯಿಂದ ಶುರುಮಾಡಿ. ಮೊದಲನೆಯದು ಮುಂದಿನ ವರ್ಷವೂ ಸಿಗುತ್ತದೆ. ಮೂರನೆಯದು ಹೇಗೂ ಕೈ ತಪ್ಪಿದೆ. ಎರಡನೆಯದಕ್ಕೆ ಮಾತ್ರ ಗಡುವು ಇದೆ. ಆ ಪಟ್ಟಿಯಲ್ಲಿ ಎಂಬತ್ತು ದಾಟಿದವರ ಹೆಸರಿಗೆ ಒಂದು ಗೆರೆ ಎಳೆದುಕೊಳ್ಳಿ. ಕಠೋರ ಅನ್ನಿಸಬಹುದು, ಆದರೂ ಎಳೆಯಿರಿ.

ಸಂಬಂಧದ ಶಬ್ದಗಳನ್ನೂ ಈ ಸುತ್ತಿನಲ್ಲೇ ಬರೆದುಕೊಳ್ಳಿ. ಚಿಗವ್ವ, ದೊಡವ್ವ, ನೆಗೆಣ್ಣಿ, ಸ್ವಾದರತ್ತಿ, ಸ್ವಾದರಮಾವ. ನಮ್ಮೂರ ಮಕ್ಕಳು ಈಗ ಇಷ್ಟೂ ಜನರನ್ನು ಆಂಟಿ, ಅಂಕಲ್ ಎರಡರಲ್ಲೇ ಮುಗಿಸುತ್ತಾರೆ. ಯಾರ ಕಡೆಯಿಂದ ಏನಾಗಬೇಕು ಅನ್ನುವ ಲೆಕ್ಕವೇ ಅಲ್ಲಿಗೆ ಹೋಯಿತು.

ಎರಡನೇ ಹಂತ: ವರ್ಷದ ಲೆಕ್ಕ ಹಾಕಿ

ಬೇಸಿಗೆ ರಜೆಯಲ್ಲಿ ಹದಿನೈದು ದಿನ ಹೋಗಿ ಎಲ್ಲಾ ಮುಗಿಸುತ್ತೇನೆ ಅನ್ನುವವರನ್ನು ನೋಡಿದ್ದೇನೆ. ಆಗಲ್ಲ. ಭಾದ್ರಪದದಲ್ಲಿ ಹುಟ್ಟುವ ಮಳೆ ದೇವರು ಜೋಕುಮಾರ, ಅವನ ಹಾಡನ್ನು ಮೇ ತಿಂಗಳಲ್ಲಿ ಹೇಳಿ ಅಂದರೆ ಯಾರು ಹೇಳುತ್ತಾರೆ? "ಹುಟ್ಟದ ದ್ಯಾವರನ್ನ ಈಗ್ಯಾಕ ಎಬ್ಬಸ್ತೀ?" ಅಂತ ನನಗೆ ಬೈಸಿಕೊಂಡ ಅನುಭವ ಇದೆ.

ಪಂಚಾಂಗ ಮುಂದಿಟ್ಟುಕೊಂಡು ಗುರುತು ಹಾಕಿ. ಕಾರಹುಣ್ಣಿಮೆಗೆ ಎತ್ತು ಓಡಿಸಿ ಕರಿ ಹರಿಯುವುದು. ಮಣ್ಣೆತ್ತಿನ ಅಮಾವಾಸ್ಯೆ. ಆಷಾಢದ ಮಂಗಳವಾರಗಳಲ್ಲಿ ಹುಡುಗಿಯರು ಮಣ್ಣಿನಲ್ಲಿ ಮಾಡುವ ಗುಳ್ಳವ್ವ. ಶ್ರಾವಣದ ಪಂಚಮಿಗೆ ಜೋಕಾಲಿ, ಅಳ್ಳು, ಉಂಡಿ. ಭಾದ್ರಪದದಲ್ಲಿ ಜೋಕುಮಾರ. ಸೀಗಿ ಹುಣ್ಣಿಮೆಗೆ ಹೊಲದಲ್ಲಿ ಚರಗ (ನೈವೇದ್ಯದ ಅಡುಗೆ) ಚೆಲ್ಲುವುದು. ಗೌರಿ ಹುಣ್ಣಿಮೆಗೆ ಸಕ್ಕರೆ ಆರತಿ. ಫಾಲ್ಗುಣದಲ್ಲಿ ಹೋಳಿ. ಮೊಹರಂ ಮಾತ್ರ ಈ ಲೆಕ್ಕಕ್ಕೆ ಸಿಗುವುದಿಲ್ಲ. ಅದು ಅಧಿಕ ಮಾಸ ಇಲ್ಲದ ಚಂದ್ರಮಾನದ್ದು, ಪ್ರತಿ ವರ್ಷ ಸುಮಾರು 11 ದಿನ ಹಿಂದಕ್ಕೆ ಬರುತ್ತದೆ. ನಮ್ಮ ಕಡೆ ಅದು ಅಲಾಯಿ ದೇವರ ಹಬ್ಬ, ಎಲ್ಲಾ ಜಾತಿಯವರೂ ಕೂಡಿ ಕರ್ಬಲಾ ಕಥೆಯ ರಿವಾಯತ್ ಪದ ಹೇಳುತ್ತಾರೆ, ಹೆಜ್ಜೆ ಹಾಕುತ್ತಾರೆ. ತಪ್ಪಿಸಬೇಡಿ.

ಇದರ ಪಕ್ಕದಲ್ಲೇ ಮಳೆ ನಕ್ಷತ್ರಗಳನ್ನು ಬರೆಯಿರಿ. ರೋಹಿಣಿ, ಮಿರಗಾ, ಆರಿದ್ರಾ ಅಂತ ಶುರುವಾಗಿ ಹುಬ್ಬಿ, ಉತ್ತರಿ, ಚಿತ್ತಿ, ಸ್ವಾತಿವರೆಗೆ. ಒಂದೊಂದಕ್ಕೆ ಹದಿಮೂರು, ಹದಿನಾಲ್ಕು ದಿನ. ಒಂದೊಂದು ಮಳೆಗೂ ಒಂದೊಂದು ಗಾದೆ ಇರುತ್ತದೆ. "ರೋಹಿಣಿ ಮಳಿ ಆದ್ರ ಓಣೆಲ್ಲಾ ಜ್ವಾಳ" ಅನ್ನುವುದನ್ನು ನೀವೂ ಕೇಳಿರುತ್ತೀರಿ. ಆ ಗಾದೆಯನ್ನು ಆ ಮಳೆ ಬರುವಾಗಲೇ ಕೇಳಿ. ಕಟ್ಟೆ ಮೇಲೆ ಕೂತವರು ತಾವಾಗೇ ಹೇಳುತ್ತಾರೆ. ಜೊತೆಗೆ ಈ ವರ್ಷ ಅದು ಹೇಗೆ ಸುಳ್ಳಾಯಿತು ಅನ್ನುವುದೂ ಬರುತ್ತದೆ. ನನಗೆ ಗಾದೆಗಿಂತ ಆ ಬೈಗುಳವೇ ಜಾಸ್ತಿ ಇಷ್ಟ.

ಮೂರನೇ ಹಂತ: ಕೇಳಿ, ಮತ್ತೊಮ್ಮೆ ಕೇಳಿ

ಇಲ್ಲಿ ನನ್ನ ತಪ್ಪನ್ನೇ ಹೇಳಿಬಿಡುತ್ತೇನೆ. ಮೊದಲ ವರ್ಷ ಒಬ್ಬ ಆಯಿ ಬೀಸುವ ಪದ ಹೇಳಿದರು. ಕಲ್ಲಿನ ಮುಂದೆ ಕೂತು, ಕಣ್ಣು ಮುಚ್ಚಿ. ಅತ್ತೆ ಮನೆಯ ಕಷ್ಟದ ಹಾಡು. ನಡುವೆ ತಮ್ಮದೇ ಎರಡು ಸಾಲು ಸೇರಿಸಿದರು, ನಾದಿನಿಯ ಹೆಸರು ಹಿಡಿದು. ಹಾಡು ಎಷ್ಟು ಚಂದ ಇತ್ತು ಅಂದರೆ ನಾನು ಅವತ್ತೇ ರಾತ್ರಿ ಊರಿನ ವಾಟ್ಸಾಪ್ ಗುಂಪಿಗೆ ಹಾಕಿದೆ. ಆ ನಾದಿನಿಯ ಮೊಮ್ಮಗ ಅದೇ ಗುಂಪಿನಲ್ಲಿದ್ದ. ಆಯಿ ನಾಲ್ಕು ತಿಂಗಳು ನನ್ನ ಜೊತೆ ಮಾತಾಡಲಿಲ್ಲ. ಬೀಸುವ ಪದ ಅಂದರೆ ಹೆಂಗಸರು ಬೆಳಗಿನ ಜಾವ ಕಲ್ಲಿಗೆ ಹೇಳಿಕೊಳ್ಳುತ್ತಿದ್ದ ಗುಟ್ಟು. ಅದು ನನಗೆ ಹೊಳೆಯಲೇ ಇಲ್ಲ ನೋಡಿ.

ಈಗ ರೆಕಾರ್ಡಿಂಗ್ ಶುರುವಾದ ಕೂಡಲೇ ನಾಲ್ಕು ಪ್ರಶ್ನೆ ಕೇಳುತ್ತೇನೆ. ಉತ್ತರವೂ ಅದರಲ್ಲೇ ದಾಖಲಾಗುತ್ತದೆ. ಇದನ್ನು ಯಾರ್ಯಾರು ಕೇಳಬಹುದು: ಮನೆಯವರಾ, ಊರವರಾ, ಎಲ್ಲರೂನಾ? ನಿಮ್ಮ ಹೆಸರು ಹಾಕಬೇಕಾ, ಬೇಡವಾ? ಬರೆದು ಅಚ್ಚು ಹಾಕಿಸಬಹುದಾ? ಮುಂದೆ ಬೇಡ ಅನ್ನಿಸಿದರೆ ತೆಗೆದುಬಿಡಲಾ? ಸಹಿ ಮಾಡುವ ಕಾಗದ ಹಿಡಿದುಕೊಂಡು ಹೋಗಬೇಡಿ. ಹೆಬ್ಬೆಟ್ಟು ಅಂದರೆ ನಮ್ಮ ಹಿರಿಯರಿಗೆ ಸಾಲ ನೆನಪಾಗುತ್ತದೆ, ಹೊಲ ನೆನಪಾಗುತ್ತದೆ. ಮಾತಿನಲ್ಲಿ ಕೊಟ್ಟ ಒಪ್ಪಿಗೆಯೇ ಸಾಕು.

ಎಲ್ಲಾ ಮುಗಿದ ಮೇಲೆ ಅವರಿಗೇ ಕೇಳಿಸಿ ಮತ್ತೊಮ್ಮೆ ಕೇಳಿ. ಹೂಂ ಅಂದಿದ್ದು ಊಹೂಂ ಆಗುವುದು ಈ ಎರಡನೇ ಸಲದಲ್ಲೇ.

ನಾಲ್ಕನೇ ಹಂತ: ಸಾಮಾನು

ಇದಕ್ಕೆ ಜಾಸ್ತಿ ತಲೆ ಕೆಡಿಸಿಕೊಳ್ಳಬೇಡಿ. ನಿಮ್ಮ ಫೋನೇ ಸಾಕು. ಎಂಪಿ3 ಬಿಟ್ಟು, ದನಿಯನ್ನು ಒತ್ತಿ ಚಿಕ್ಕದು ಮಾಡದ ವೇವ್ (WAV) ಮಾದರಿಯಲ್ಲಿ ರೆಕಾರ್ಡ್ ಮಾಡುವ ಆ್ಯಪ್ ಹಾಕಿಕೊಳ್ಳಿ. 48 ಕಿಲೋಹರ್ಟ್ಸ್, 16 ಬಿಟ್, ಮೊನೊ ಇಟ್ಟರೆ ಒಂದು ಗಂಟೆಗೆ ಸುಮಾರು 345 ಎಂಬಿ ಆಗುತ್ತದೆ. ಫೋನನ್ನು ಏರೋಪ್ಲೇನ್ ಮೋಡ್‌ಗೆ ಹಾಕಿ. ಬಾಯಿಂದ ಒಂದು ಗೇಣು ದೂರ, ನೇರ ಮುಂದೆ ಅಲ್ಲ, ಸ್ವಲ್ಪ ಪಕ್ಕಕ್ಕೆ ಇಡಿ. ಮೈಕ್ ಕೊಂಡರೆ ಕಾಲರಿಗೆ ಸಿಕ್ಕಿಸುವ ಚಿಕ್ಕದು ಒಳ್ಳೆಯದು.

ನಮ್ಮ ಗುಡ್ಡದ ದೊಡ್ಡ ಶತ್ರು ಗಾಳಿ. ಗಾಳಿಯಂತ್ರಗಳನ್ನು ಸುಮ್ನೆ ಅಲ್ಲಿ ಸಾಲಾಗಿ ನಿಲ್ಲಿಸಿಲ್ಲ. ಬಯಲಲ್ಲಿ ಮೈಕಿಗೆ ಸ್ಪಂಜು ಹಾಕಿ. ಇಲ್ಲದಿದ್ದರೆ ತೆಳ್ಳನೆಯ ಕಾಲುಚೀಲ ಹಾಕಿ. ತೊಳೆದದ್ದು. ಮನೆಯೊಳಗಾದರೆ ಫ್ಯಾನ್ ಆರಿಸಿ. ದನ ಕೂಗಿದರೆ, ರೊಟ್ಟಿ ಬಡಿಯುವ ಸದ್ದು ಬಂದರೆ ಇರಲಿ ಬಿಡಿ.

ಯಾವುದೇ ರೆಕಾರ್ಡಿಂಗ್ ಶುರುಮಾಡುವಾಗ ತಾರೀಖು, ತಿಥಿ, ಜಾಗ, ಯಾರು ಮಾತಾಡುತ್ತಿದ್ದಾರೆ, ಅವರ ತವರು ಯಾವುದು ಅಂತ ನಿಮ್ಮ ಬಾಯಲ್ಲೇ ಹೇಳಿ. ತವರು ಮುಖ್ಯ. ನಮ್ಮೂರ ಸೊಸೆಯಂದಿರಲ್ಲಿ ಕೆಲವರು ಹಾವೇರಿ ಕಡೆಯವರು, ಕೆಲವರು ಕೊಪ್ಪಳದವರು. ಅವರ ಹಾಡಿನ ಜೊತೆ ಆ ಊರಿನ ಮಾತೂ ಬಂದಿರುತ್ತದೆ.

ಐದನೇ ಹಂತ: ಕುರ್ಚಿ ಹಾಕಿ ಕೂರಿಸಬೇಡಿ

ಇದೇ ಈ ಕೆಲಸದ ಹೃದಯ. ನಮ್ಮ ದೂರದ ಸಂಬಂಧದ ಒಬ್ಬ ಅಜ್ಜನ ಹತ್ತಿರ ಹೋಗಿದ್ದೆ. ಅರವತ್ತು ವರ್ಷ ಬಿತ್ತಿದವರು. ಪಡಸಾಲೆಯಲ್ಲಿ ಪ್ಲಾಸ್ಟಿಕ್ ಕುರ್ಚಿ ಹಾಕಿ, ಫೋನ್ ಮುಂದಿಟ್ಟು "ಅಜ್ಜಾ, ಬೇಸಾಯದ ಶಬ್ದ ಹೇಳ್ರಿ" ಅಂದೆ. ಅಜ್ಜ ರೇಡಿಯೊದವರ ಹಾಗೆ ಗಂಟಲು ಸರಿಮಾಡಿಕೊಂಡು, "ನೇಗಿಲು, ಎತ್ತು, ಬೀಜ, ಗೊಬ್ಬರ" ಅಂದರು. ಅದೂ ಪುಸ್ತಕದ ಕನ್ನಡದಲ್ಲಿ. ನಮ್ಮ ಕಡೆ ನೇಗಿಲು ಅಂತ ಯಾರೂ ಅನ್ನುವುದಿಲ್ಲ. ರಂಟಿ ಅಂತಾರೆ, ಮಡಿಕಿ ಅಂತಾರೆ. ಅಜ್ಜ ಮರ್ಯಾದೆಗೆ ನೇಗಿಲು ಅಂದಿದ್ದರು.

ಮರುದಿನ ದನದ ಕೊಟ್ಟಿಗೆಗೆ ಕರೆದುಕೊಂಡು ಹೋದೆ. ಮೂಲೆಯಲ್ಲಿ ಹಳೆಯ ಕೂರಿಗೆ ಒರಗಿತ್ತು, ಜೇಡರ ಬಲೆ ಕಟ್ಟಿಕೊಂಡು. ನಾನು ಅದನ್ನು ಎತ್ತಿ ತಂದು ಅವರ ಮುಂದೆ ಇಟ್ಟೆ. ಬೇಕಂತಲೇ ತಲೆಕೆಳಗೆ.

"ಹಂಗಲ್ಲೋ ಮಾರಾಯ!" ಅಂದವರೇ ಎದ್ದು ಬಂದರು. ಕೈಯಿಂದ ಧೂಳು ಒರೆಸಿದರು. ಇದು ಬಟ್ಟಲ. ಬೀಜ ಇದರಾಗ ಬಿಡೋದು. ಬಟ್ಟಲದಿಂದ ಸೆಡ್ಡಿಗೆ ಇಳಿತಾವು. ಸೆಡ್ಡಿ ಅಂದ್ರ ಬಿದಿರಿನ ಕೊಳವಿ. ಕೆಳಗ ತಾಳು, ತಾಳಿನ ತುದಿಗೆ ಕಬ್ಬಿಣದ ಕುಡ. ಇದು ಈಸು, ನೊಗಕ್ಕ ಹೋಗೋದು. ಇದು ಮೇಳಿ, ಕೈಯಾಗ ಹಿಡಿಯೋದು. ಮಿಣಿ ಯಾವುದು, ಜತಗಿ ಯಾವುದು, ಎಲ್ಲಾ ಬಂತು. ಹಿಂದೆ ಕಟ್ಟಿಕೊಂಡು ಹೋಗುವ ಒಂಟಿ ಸೆಡ್ಡಿಯಲ್ಲಿ ಅಕ್ಕಡಿ (ನಡುವೆ ಬೆಳೆಯುವ ಬೇರೆ ಬೆಳೆ) ಬೀಜ ಬಿಡುವುದು ಬಂತು. ನೆಲದ ಹಸಿ ಬಿತ್ತಲು ಸರಿಯಾಗಿದ್ದರೆ ಅದು "ಬೆದಿ". ಅದನ್ನು ಮಣ್ಣು ಮುಷ್ಟಿಯಲ್ಲಿ ಹಿಡಿದು, ಉಂಡೆ ಕಟ್ಟಿ, ಬಿಟ್ಟು ನೋಡಿ ಹೇಳಬೇಕು. ಅಜ್ಜ ಕೊಟ್ಟಿಗೆಯ ನೆಲದಿಂದಲೇ ಹಿಡಿ ಮಣ್ಣು ತೆಗೆದು ತೋರಿಸಿದರು. ನಡುವೆ ಅಜ್ಜಿ ಬಂದು, "ನೀ ಏನ್ ಬಿಟ್ಟಿ? ಬೀಜ ಬಿಟ್ಟಾಕಿ ನಾ" ಅಂತ ಅವರನ್ನು ಸರಿಸಿ, ಬೆರಳಿನ ಸಂದಿಯಿಂದ ಜೋಳ ಹೇಗೆ ಜಾರಿಸಬೇಕು ಅಂತ ಕೈ ಆಡಿಸಿದರು. ಮುಕ್ಕಾಲು ಗಂಟೆ. ಕೂತಾಗ ಸಿಕ್ಕಿದ್ದು ನಾಲ್ಕು ಶಬ್ದ, ಇಲ್ಲಿ ಮೂವತ್ತರ ಮೇಲೆ.

ಅವತ್ತಿನಿಂದ ನಾನು ಪಾಲಿಸುವ ಕೆಲವು ಉಪಾಯಗಳಿವೆ.

ವಸ್ತು ಕೈಗೆ ಕೊಡಿ. ವಸ್ತು ಇಲ್ಲದಿದ್ದರೆ ಅದಿದ್ದ ಜಾಗಕ್ಕೆ ಕರೆದುಕೊಂಡು ಹೋಗಿ. "ಇದಕ್ಕೇನಂತೀರಿ?" ಅಂತ ಕೇಳುವ ಬದಲು "ಇದು ಮುರಿದರೆ ಏನು ಮಾಡ್ತಿದ್ರಿ?" ಅಂತ ಕೇಳಿ. ಮುರಿದ ಕಥೆಯಲ್ಲಿ ಬಡಿಗೇರ, ಕಮ್ಮಾರ, ಅವರಿಗೆ ವರ್ಷಕ್ಕೊಮ್ಮೆ ಕಾಳಿನಲ್ಲಿ ಕೊಡುವ ಆಯ, ಬಯ್ಗುಳ ಎಲ್ಲಾ ಬರುತ್ತದೆ. ವರ್ಷಕ್ಕೆ ಎಷ್ಟು ಕಾಳು ಕೊಡುತ್ತಿದ್ದರು ಅಂತ ಕೇಳಿದರೆ ಗಿದ್ನ, ಸೇರು, ಹೇರು ಅಂತ ಅಳತೆಗಳು ಸಾಲಾಗಿ ಬರುತ್ತವೆ. ತಪ್ಪು ಹೇಳಿ. ಹಿರಿಯರಿಗೆ ಕಲಿಸಲು ಬೇಸರ ಬರಬಹುದು, ತಿದ್ದಲು ಬರುವುದಿಲ್ಲ. ಇಬ್ಬರನ್ನು ಜೊತೆಗೆ ಕರೆಯಿರಿ, ಜಗಳ ಆಡುವವರಾದರೆ ಇನ್ನೂ ಒಳ್ಳೆಯದು. ನೀವು ಮಾತ್ರ ಸುಮ್ಮನಿರಿ. ನನ್ನ ಮೊದಲ ರೆಕಾರ್ಡಿಂಗುಗಳಲ್ಲಿ ಅರ್ಧ ನನ್ನದೇ ದನಿ. ಈಗ ನೆನೆದರೆ ನಾಚಿಕೆ ಆಗುತ್ತದೆ.

ಆರನೇ ಹಂತ: ಹಾಡು ಮತ್ತು ಆಚರಣೆ

ಹಾಡಿಗೂ ಇದೇ ಮಾತು. ಹಂತಿ ಪದವನ್ನು ಸುತ್ತುತ್ತಾ ಹೇಳಬೇಕು. ಕಣದ ನಡುವೆ ಮೇಟಿ ಕಂಬ, ಅದರ ಸುತ್ತ ಎತ್ತು, ಎತ್ತಿನ ಹಿಂದೆ ಮನುಷ್ಯ. ಕೂತು ಹೇಳಿದರೆ ಲಯ ತಪ್ಪುತ್ತದೆ. ಒಬ್ಬರು ನನಗಾಗಿ ಮನೆ ಅಂಗಳದಲ್ಲಿ ಒನಕೆ ನಿಲ್ಲಿಸಿಕೊಂಡು ಅದರ ಸುತ್ತ ನಡೆಯುತ್ತಾ ಹಾಡಿದರು. ಮೊದಲ ಎರಡು ಸುತ್ತು ನಕ್ಕರು. ಮೂರನೇ ಸುತ್ತಿಗೆ ಎತ್ತುಗಳನ್ನು ಹೆಸರು ಹಿಡಿದು ಗದರಿಸತೊಡಗಿದರು. ಆ ಎತ್ತುಗಳು ಸತ್ತು ಮೂವತ್ತು ವರ್ಷ ಆಗಿತ್ತು.

ಜೋಕುಮಾರನ ವಿಷಯ ಸ್ವಲ್ಪ ವಿವರವಾಗಿ ಹೇಳಬೇಕು. ಭಾದ್ರಪದದ ಅಷ್ಟಮಿಯಿಂದ ಹುಣ್ಣಿಮೆವರೆಗೆ, ಗಣಪತಿ ಹಬ್ಬದ ಹಿಂದೆಯೇ ಬರುತ್ತಾನೆ. ಆಯುಷ್ಯ ಏಳೇ ದಿನ. ಮಣ್ಣಿನ ಮೂರ್ತಿಯನ್ನು ಬೇವಿನ ಸೊಪ್ಪಿನ ಬುಟ್ಟಿಯಲ್ಲಿ ಇಟ್ಟು ಅಂಬಿಗರ ಮನೆಯ ಹೆಂಗಸರು ಮನೆಮನೆಗೆ ತರುತ್ತಾರೆ. ಮೊರದಲ್ಲಿ ಜೋಳ ಹಾಕಬೇಕು. ಕಡೆಗೆ ಅವನು ಸಾಯುತ್ತಾನೆ, ಅಗಸರ ಬಂಡೆಯ ಹತ್ತಿರ ಮಣ್ಣಾಗುತ್ತಾನೆ. ಇದನ್ನು ದಾಖಲಿಸುವಾಗ ನೋಡಬೇಕಾದ್ದು ಹಾಡನ್ನಷ್ಟೇ ಅಲ್ಲ. ಯಾವ ಓಣಿಯಿಂದ ಶುರು, ಯಾರ ಮನೆ ಮುಂದೆ ಬುಟ್ಟಿ ಇಳಿಸುತ್ತಾರೆ, ವಾಪಸ್ ಏನು ಕೊಡುತ್ತಾರೆ, ಅದನ್ನು ಹೊಲಕ್ಕೆ ಹೇಗೆ ಹಾಕುತ್ತಾರೆ, ಯಾವ ಮನೆಯವರಿಗೆ ಯಾವ ಕೆಲಸ. ಒಂದು ನಕ್ಷೆ ಬರೆಯಿರಿ. ಊರಿನ ಕೊಡು-ಕೊಳ್ಳುವಿಕೆ ಅಷ್ಟೂ ಆ ನಕ್ಷೆಯಲ್ಲಿ ಕಾಣುತ್ತದೆ. ಅದರಲ್ಲಿರುವ ಮೇಲು-ಕೀಳೂ ಕಾಣುತ್ತದೆ. ಅದನ್ನು ಅಳಿಸಬೇಡಿ.

ಆ ಹಾಡುಗಳಲ್ಲಿ ಪೋಲಿ ಮಾತು ಇರುತ್ತದೆ. ಇರಲೇಬೇಕು, ಅವನು ಮಳೆ ಬೆಳೆಯ ದೇವರು. ಹೋಳಿಯದೂ ಹಾಗೇ. ಬರೆಯುವಾಗ ಸೋಸಬೇಡಿ. ಯಾರಿಗೆ ಕೇಳಿಸಬೇಕು ಅನ್ನುವುದು ಬೇರೆ ವಿಚಾರ. ಮೂಲದಲ್ಲಿ ಮಾತ್ರ ಪೂರ್ತಿ ಇರಲಿ.

ಆಚರಣೆಯನ್ನು ಕ್ಯಾಮೆರಾಕ್ಕಾಗಿ ಮತ್ತೊಮ್ಮೆ ಮಾಡಿಸಬೇಡಿ. ಸೀಗಿ ಹುಣ್ಣಿಮೆಯ ದಿನ ಚರಗ ಚೆಲ್ಲುತ್ತಾ "ಹುಲ್ಲುಲ್ಲಿಗೋ" ಅಂತ ಕೂಗುವುದನ್ನು ಒಬ್ಬರು "ಒನ್ ಮೋರ್" ಅಂತ ಮೂರು ಸಲ ಕೂಗಿಸಿದ್ದನ್ನು ನೋಡಿದ್ದೇನೆ. ಹೊಲದ ದೇವರಿಗೂ ಗೊಂದಲ ಆಗಿರಬೇಕು, ಅಲ್ವಾ?

ಮದುವೆ ಮನೆಗೆ ಹೋದರೆ ಒಡಪು ಹಿಡಿಯಿರಿ. ಗಂಡನ ಹೆಸರು ಹೇಳಲು ಹೆಂಗಸರು ಅಲ್ಲೇ ಕಟ್ಟುವ ಸಾಲುಗಳು. ಅವು ಈಗಲೂ ಹುಟ್ಟುತ್ತಿವೆ. ಹೋದ ವರ್ಷ ಒಬ್ಬಳು ಹುಡುಗಿ ಫೋನ್‌ಪೇ ಸೇರಿಸಿ ಒಡಪು ಹೇಳಿದಳು. ಅದನ್ನೂ ಬರೆದುಕೊಂಡೆ.

ಏಳನೇ ಹಂತ: ಪಕ್ಕದ ತಾಂಡಾ

ಕಪ್ಪತಗುಡ್ಡದ ಸುತ್ತ ಲಂಬಾಣಿ ತಾಂಡಾಗಳು ಬಹಳ ಇವೆ. ಊರಿನ ಮಾತು ಉಳಿಸುತ್ತೇವೆ ಅಂತ ಹೊರಟವರು ತಾಂಡಾ ಬಿಟ್ಟು ಹೋಗುತ್ತಾರೆ. ನಾನೂ ಎರಡು ವರ್ಷ ಹಾಗೇ ಮಾಡಿದೆ. ಆದರೆ ಇಲ್ಲಿ ನಮ್ಮ ಕನ್ನಡಕ್ಕಿಂತ ಹೆಚ್ಚು ಅಪಾಯದಲ್ಲಿರುವುದು ಅವರ ಮಾತು, ಗೋರಬೋಲಿ. ಅದಕ್ಕೆ ಸ್ವಂತ ಲಿಪಿ ಇಲ್ಲ. 2011ರ ಜನಗಣತಿಯಲ್ಲಿ ಲಂಬಾಣಿ ಮಾತಾಡುವವರು 30 ಲಕ್ಷಕ್ಕೂ ಜಾಸ್ತಿ ಇದ್ದರು, ಆದರೆ ಅವರನ್ನು ಹಿಂದಿ ಅನ್ನುವ ದೊಡ್ಡ ಗಂಟಿನೊಳಗೆ ಸೇರಿಸಿ ಎಣಿಸಲಾಗಿದೆ.

ಇಲ್ಲಿ ಹೊರಗಿನವರು ಮಾಡಬೇಕಾದ ಕೆಲಸ ಕಡಿಮೆ. ತಾಂಡಾದ ಹುಡುಗ ಹುಡುಗಿಯರ ಕೈಗೇ ರೆಕಾರ್ಡರ್ ಕೊಡಿ. ಮೊದಲು ತಾಂಡಾದ ಹಿರಿತಲೆಗಳಾದ ನಾಯಕ್, ಕಾರಭಾರಿ ಇಬ್ಬರಿಗೂ ವಿಷಯ ಹೇಳಿ. ಗುಳೆ ಹೋದವರು ಗೋವಾ, ಮಂಗಳೂರು ಕಡೆಯಿಂದ ಮರಳುವುದು ಹೆಚ್ಚಾಗಿ ದೀಪಾವಳಿಗೆ, ಹೋಳಿಗೆ. ಆಗಲೇ ತಾಂಡಾ ತುಂಬಿರುತ್ತದೆ. ದೀಪಾವಳಿಯಲ್ಲಿ ಹುಡುಗಿಯರು ದೀಪ ಹಿಡಿದು ಮನೆಮನೆಗೆ ಹೋಗಿ ಮೇರಾ ಕೇಳುವುದು, ಹೋಳಿಯ ಲೆಂಗಿ ಹಾಡು, ಶ್ರಾವಣದ ಹೊತ್ತಿಗೆ ಬುಟ್ಟಿಯಲ್ಲಿ ಗೋಧಿ ಸಸಿ ಬೆಳೆಸುವ ತೀಜ್, ಮದುಮಗಳು ಅಳುತ್ತಾ ಹೇಳುವ ಢಾವಲೋ. ಕೊನೆಯದು ಹಾಡೂ ಹೌದು, ಅಳುವೂ ಹೌದು. ಮದುಮಗಳ ಮುಖಕ್ಕೆ ಮೈಕ್ ಹಿಡಿಯಬೇಡಿ. ಹಿರಿಯ ಹೆಂಗಸರು ಮುಂದೆ ಯಾವತ್ತಾದರೂ ನೆನಪು ಮಾಡಿಕೊಂಡು ಹೇಳುತ್ತಾರೆ.

ಕಸೂತಿ ಮಾಡುವಾಗ ಕೂತು ಕೇಳಿದರೆ ಫೇಟಿಯಾ (ಲಂಗ), ಕಾಂಚಳಿಯ (ಕುಪ್ಪಸ) ಒಂದೊಂದು ಹೊಲಿಗೆಗೂ ಹೆಸರು ಸಿಗುತ್ತದೆ. ಕನ್ನಡ ಲಿಪಿಯಲ್ಲೇ ಬರೆಯಿರಿ, ಚೆನ್ನಾಗಿ ಹೊಂದುತ್ತದೆ. ಯಾಡಿ ಅಂದರೆ ತಾಯಿ, ಬಾಟಿ ಅಂದರೆ ರೊಟ್ಟಿ. ಅವರ ಮಾತಿನಲ್ಲಿ ಸೇರಿಕೊಂಡ ಕನ್ನಡವನ್ನು ಹೆಕ್ಕಿ ತೆಗೆಯಬೇಡಿ. ನಮ್ಮ ಕನ್ನಡದಲ್ಲಿ ಮರಾಠಿ, ಉರ್ದು ಎಷ್ಟಿಲ್ಲ?

ಎಂಟನೇ ಹಂತ: ಕೇಳಿದ ಹಾಗೇ ಬರೆಯಿರಿ

ಬೇಸರದ ಕೆಲಸ ಇದು. ಹತ್ತು ನಿಮಿಷದ ಹಾಡು ಬರೆಯಲು ನನಗೆ ಒಂದು ಸಂಜೆ ಬೇಕು. ಆಡಾಸಿಟಿ ತಂತ್ರಾಂಶದಲ್ಲಿ ನಿಧಾನ ಮಾಡಿಕೊಂಡು ಕೇಳಬಹುದು. ದನಿ ಮತ್ತು ಬರಹ ಜೋಡಿಸಿ ಇಡಲು ಇಲಾನ್ ಇದೆ. ಎರಡೂ ಪುಕ್ಕಟೆ.

ನಿಯಮ ಒಂದೇ. ತಿದ್ದಬೇಡಿ. ನಮ್ಮ ಕಡೆ ಮನೆ ಮನಿ ಆಗುತ್ತದೆ, ತಲೆ ತಲಿ, ಬೇಳೆ ಬ್ಯಾಳಿ. "ಮಾಡಾಕತ್ತೀನಿ" ಅಂದದ್ದನ್ನು "ಮಾಡುತ್ತಿದ್ದೇನೆ" ಅಂತ ಬರೆದರೆ ನೀವು ಅನುವಾದ ಮಾಡಿದಿರಿ, ದಾಖಲೆ ಮಾಡಲಿಲ್ಲ. ಮಾತನ್ನು ಬರಹ ಮಾಡುವ ಫೋನಿನ ಸೌಲಭ್ಯವನ್ನು ಇಲ್ಲಿ ನಂಬಬೇಡಿ. ಅದು ನಮ್ಮ ಆಯಿಯನ್ನು ನ್ಯೂಸ್ ಓದುವವರನ್ನಾಗಿ ಮಾಡಿಬಿಡುತ್ತದೆ. ಒಂದು ಸಾಲು ಕೇಳಿದ ಹಾಗೆ, ಅದರ ಕೆಳಗೆ ಬೇಕಿದ್ದರೆ ಒಂದು ಸಾಲು ಅರ್ಥ. ತಿಳಿಯದ ಕಡೆ ಊಹಿಸಬೇಡಿ, ಪ್ರಶ್ನೆ ಚಿಹ್ನೆ ಹಾಕಿ ನಿಮಿಷ, ಸೆಕೆಂಡು ಬರೆಯಿರಿ. ಮುಂದಿನ ಸಲ ಹೋದಾಗ ಕೇಳಬಹುದು.

ಟೈಪ್ ಮಾಡುವುದು ಯೂನಿಕೋಡ್‌ನಲ್ಲೇ ಇರಲಿ. ಹಳೇ ನುಡಿ, ಬರಹ ಫಾಂಟುಗಳಲ್ಲಿ ಮಾಡಿದ್ದನ್ನು ಬೇರೆ ಕಂಪ್ಯೂಟರಿನಲ್ಲಿ ತೆಗೆದರೆ ಕೀಟಗಳ ಸಾಲು ಕಾಣುತ್ತದೆ.

ನಡುವೆ ಒಂದು ಎಚ್ಚರಿಕೆ: ಗಿಡಮೂಲಿಕೆ

ಕಪ್ಪತಗುಡ್ಡ ಔಷಧಿ ಗಿಡಗಳಿಗೆ ಹೆಸರಾದ ಜಾಗ. 2019ರಲ್ಲಿ ವನ್ಯಜೀವಿಧಾಮ ಅಂತ ಘೋಷಣೆ ಆಗಿದೆ. ಸುಮಾರು 244 ಚದರ ಕಿಲೋಮೀಟರ್. ಗಿಡದ ಹೆಸರು, ಅದರ ಗಾದೆ, ಕಥೆ ದಾಖಲಿಸಿ. ಆದರೆ ಯಾವ ಗಿಡ ಯಾವ ಹಳ್ಳದ ದಂಡೆಯಲ್ಲಿ ಸಿಗುತ್ತದೆ, ಯಾವುದಕ್ಕೆ ಯಾವ ಮದ್ದು ಅನ್ನುವುದನ್ನು ಇಂಟರ್‌ನೆಟ್ಟಿಗೆ ಹಾಕಬೇಡಿ. ಬೇರು ಸಮೇತ ಕಿತ್ತುಕೊಂಡು ಹೋಗುವವರು ಇದ್ದಾರೆ. ಅದಕ್ಕೆ ಸರಿಯಾದ ಜಾಗ ಬೇರೆ ಇದೆ. 2002ರ ಜೀವವೈವಿಧ್ಯ ಕಾಯ್ದೆ ಪ್ರಕಾರ ಪಂಚಾಯ್ತಿ ಮಟ್ಟದ ಸಮಿತಿ ಜನತಾ ಜೀವವೈವಿಧ್ಯ ದಾಖಲಾತಿ ಇಡಬೇಕು. ಬಲ್ಲವರನ್ನು ಕೇಳಿ, ಅವರು ಒಪ್ಪಿದಷ್ಟನ್ನು ಅಲ್ಲಿ ಬರೆಸಿ. ಗುಡ್ಡದೊಳಗೆ ಹೋಗಿ ಚಿತ್ರೀಕರಣ ಮಾಡುವುದಿದ್ದರೆ ಅರಣ್ಯ ಇಲಾಖೆಯ ಅನುಮತಿ ತೆಗೆದುಕೊಳ್ಳಿ.

ಒಂಬತ್ತನೇ ಹಂತ: ಹೆಸರಿಡಿ, ಮೂರು ಕಡೆ ಇಡಿ

ನನ್ನ ಮೊದಲ ವರ್ಷದ ಎಲ್ಲಾ ಫೈಲುಗಳ ಹೆಸರು "ರೆಕಾರ್ಡಿಂಗ್ 12", "ರೆಕಾರ್ಡಿಂಗ್ 47" ಅಂತ ಇತ್ತು. ಅಷ್ಟರಲ್ಲಿ ಫೋನ್ ನೀರಿಗೆ ಬಿತ್ತು, ಹೆಸರಿನ ಸಮಸ್ಯೆ ಅಲ್ಲಿಗೇ ಬಗೆಹರಿಯಿತು ಅನ್ನಿ. ಈಗ ಮೊದಲು ವರ್ಷ, ಆಮೇಲೆ ತಿಂಗಳು, ತಾರೀಖು, ಊರು, ವಿಷಯ. ಹೀಗೆ ಬರೆದರೆ ಫೈಲುಗಳು ತಾವಾಗೇ ಸಾಲಾಗಿ ನಿಲ್ಲುತ್ತವೆ. ಜೊತೆಗೆ ಒಂದು ಪಟ್ಟಿ ಫೈಲು: ಯಾರು, ಯಾವಾಗ, ಏನು, ಒಪ್ಪಿಗೆ ಎಷ್ಟು.

ಮೂರು ಪ್ರತಿ, ಎರಡು ಬಗೆಯ ಸಾಧನ, ಒಂದು ಬೇರೆ ಊರಲ್ಲಿ. ನನ್ನದು ಲ್ಯಾಪ್‌ಟಾಪಿನಲ್ಲಿ ಒಂದು, ಹಾರ್ಡ್ ಡಿಸ್ಕಿನಲ್ಲಿ ಒಂದು, ಧಾರವಾಡದ ತಂಗಿ ಮನೆಯ ಕಪಾಟಿನಲ್ಲಿ ಒಂದು. ಯೂಟ್ಯೂಬಿಗೆ ಹಾಕುವುದು ಕೇಳಿಸಲು ಸರಿ, ಕಾಪಾಡಲು ಅಲ್ಲ. ವಿಕಿಮೀಡಿಯಾ ಕಾಮನ್ಸ್‌ಗೆ ಹಾಕಿದರೆ ಅದನ್ನು ಯಾರು ಬೇಕಾದರೂ, ವ್ಯಾಪಾರಕ್ಕೂ ಬಳಸಬಹುದು. ಇದನ್ನು ಹಾಡಿದವರಿಗೆ ಬಿಡಿಸಿ ಹೇಳಿ, ಹೂಂ ಅಂದರೆ ಮಾತ್ರ ಹಾಕಿ. ಸಂಗ್ರಹ ದೊಡ್ಡದಾದರೆ ಸಂಸ್ಥೆಗಳ ಬಾಗಿಲು ಬಡಿಯಿರಿ. ಜಾನಪದ ವಿಶ್ವವಿದ್ಯಾಲಯ ನಮ್ಮ ಪಕ್ಕದಲ್ಲೇ, ಹಾವೇರಿ ಜಿಲ್ಲೆ ಶಿಗ್ಗಾಂವಿ ತಾಲೂಕಿನ ಗೊಟಗೋಡಿಯಲ್ಲಿದೆ. ಧಾರವಾಡದ ಕನ್ನಡ ಸಂಶೋಧನ ಸಂಸ್ಥೆ 1939ರಿಂದ ಇದೆ. ಮೂಲ ಪ್ರತಿ ಮಾತ್ರ ನಿಮ್ಮ ಹತ್ತಿರವೇ ಇರಲಿ.

ಹತ್ತನೇ ಹಂತ: ಊರಿಗೆ ವಾಪಸ್ ಕೊಡಿ, ಅದೇ ವರ್ಷ

ಹಾರ್ಡ್ ಡಿಸ್ಕಿನಲ್ಲಿ ಇರುವ ಹಾಡು ಮುಚ್ಚಿದ ಹಗೇವಿನ ಹಾಗೆ. ಊರಲ್ಲಿ ಕೇಳಿಸಬೇಕು. ಗುಳ್ಳವ್ವನ ಹಾಡನ್ನು ಮುಂದಿನ ಆಷಾಢದಲ್ಲಿ ಹುಡುಗಿಯರ ಫೋನಿಗೆ ಕಳಿಸಿ. ಪಂಚಾಯ್ತಿಯ ಅರಿವು ಕೇಂದ್ರದ (ಗ್ರಂಥಾಲಯದ) ಗೋಡೆಗೆ ಊರಿನದೇ ಕ್ಯಾಲೆಂಡರ್ ಹಾಕಿ: ಮಳೆ, ಗಾದೆ, ಹಬ್ಬ, ಆ ಹಬ್ಬದ ಅಡುಗೆ. ಶಾಲೆಯಲ್ಲಿ ಒಡಪು, ಒಗಟಿನ ಪಂದ್ಯ ಇಡಿ, ತೀರ್ಪುಗಾರರಾಗಿ ಆಯಿಯರನ್ನೇ ಕೂರಿಸಿ. "ಹೋಗ್ಯಾನ ಅನ್ನಬಾರದು, ಹೋಗಿದ್ದಾನೆ ಅನ್ನು" ಅಂತ ನನ್ನನ್ನು ಬೆಂಚಿನ ಮೇಲೆ ನಿಲ್ಲಿಸಿದ ಕಾಲ ನೆನಪಿದೆ. ಎರಡೂ ಬರಲಿ ಬಿಡಿ. ಪರೀಕ್ಷೆಗೆ ಒಂದು, ಅವ್ವನಿಗೆ ಒಂದು.

ಕೊನೆಗೆ ಒಂದು ಚಿಕ್ಕ ಪುಸ್ತಕ ಮಾಡಿ. ಜೆರಾಕ್ಸ್ ಅಂಗಡಿಯಲ್ಲೇ ಸಾಕು. ನಾನು ಕೂರಿಗೆಯ ಶಬ್ದಗಳದ್ದು ಹದಿನಾರು ಪುಟ ಮಾಡಿಸಿ ಆ ಅಜ್ಜನಿಗೆ ಕೊಟ್ಟೆ. ಅವರಿಗೆ ಓದಲು ಬಾರದು. ಮೊಮ್ಮಗ ಓದಿ ಹೇಳಿದ. ಐದನೇ ಪುಟಕ್ಕೆ ಬಂದಾಗ ಅಜ್ಜ ಕೈ ಎತ್ತಿದರು. "ತಡಿ. ಅದು ತಪ್ಪ ಬರದಾನ. ಪೆನ್ನ ತಗೋ." ಮೊಮ್ಮಗ ಗೆರೆ ಹೊಡೆದ. ಅಲ್ಲಿಂದ ಅಜ್ಜ ಇನ್ನೂ ಹನ್ನೊಂದು ಶಬ್ದ ಹೇಳಿದರು. ಬರೆಯಲು ಜಾಗ ಸಾಲದೆ ಹುಡುಗ ಪುಸ್ತಕದ ರಟ್ಟಿನ ಮೇಲೆಲ್ಲಾ ಬರೆದಿದ್ದ. ಹಾಗಾಗಿ ಮೊದಲ ಸಲ ಇಪ್ಪತ್ತೇ ಪ್ರತಿ ಮಾಡಿಸಿ. ಎಡಗಡೆ ಅಚ್ಚು ಹಾಕಿಸಿ, ಬಲಗಡೆ ಪುಟ ಖಾಲಿ ಬಿಡಿ. ಪುಸ್ತಕಕ್ಕೆ ದಾರ ಕಟ್ಟಿ ಒಂದು ಪೆನ್ನು ನೇತುಹಾಕಿ ಕೊಡಿ.